ಕಾಲೇಜು ಮುಚ್ಚಿದರೆ ವಿದ್ಯಾರ್ಥಿ ಯಾರ ಹೊಣೆ?

ಬೀದರ್‌ನಿಂದ ಹೈದರಾಬಾದಿಗೆ ಬಸ್ಸಿನಲ್ಲಿ ಬಂದರೆ ಸಂಗಾರೆಡ್ಡಿ, ಪಟಾನ್‌ಚೆರು ದಾಟಬೇಕು. ರೈಲಿನಲ್ಲಾದರೆ ವಿಕಾರಾಬಾದ್ ಸಿಗುತ್ತದೆ. 2022ರ ಮೇ ತಿಂಗಳಲ್ಲಿ ರಾಷ್ಟ್ರೀಯ ವೈದ್ಯಕೀಯ ಆಯೋಗ ಅನುಮತಿ ಹಿಂತೆಗೆದುಕೊಂಡ ಮೂರು ಖಾಸಗಿ ವೈದ್ಯಕೀಯ ಕಾಲೇಜುಗಳು ಈ ದಾರಿಗಳಲ್ಲೇ ಇವೆ: ಸಂಗಾರೆಡ್ಡಿಯ ಎಂಎನ್ಆರ್, ಪಟಾನ್‌ಚೆರು ಬಳಿಯ ಟಿಆರ್‌ಆರ್, ವಿಕಾರಾಬಾದಿನ ಮಹಾವೀರ್. ಒಂದೊಂದರಲ್ಲೂ ಎಂಬಿಬಿಎಸ್‌ಗೆ 150 ಸೀಟು. ಕೊರೊನಾದಿಂದ ಆ ಸಾಲಿನ ಪ್ರವೇಶವೇ ತಡವಾಗಿತ್ತು. ಮಕ್ಕಳು ತರಗತಿಗೆ ಕಾಲಿಟ್ಟು ಕೆಲವೇ ತಿಂಗಳಾಗಿತ್ತು. ನಾನಿರುವ ತಾರ್ನಾಕಕ್ಕೆ ಉಸ್ಮಾನಿಯಾ ವಿಶ್ವವಿದ್ಯಾಲಯ ಮಗ್ಗುಲಲ್ಲೇ ಇದೆ. ಓದಿಸುವ ತಂದೆತಾಯಿಗಳು ಇಲ್ಲಿ ಸೇರಿದಾಗಲೆಲ್ಲ ಕೇಳುವ ಪ್ರಶ್ನೆ ಇದು: ನಾಳೆ ನಮ್ಮ ಮಗಳ ಕಾಲೇಜಿಗೂ ಹೀಗಾದರೆ?

ಮೊದಲು ಎರಡು ಮಾತು. ಹೊಸ ಕಾಲೇಜಿಗೆ ಮೊದಲು ಸಿಗುವುದು ಅನುಮತಿ. ಮಾನ್ಯತೆ ಬರುವುದು ಮೊದಲ ತಂಡ ಅಂತಿಮ ಪರೀಕ್ಷೆಗೆ ಬಂದಾಗ. ಹೊಸ ಪ್ರವೇಶಕ್ಕೆ ತಡೆ ಬಿದ್ದರೆ ಕಾಲೇಜೇ ಮುಚ್ಚಿತೆಂದು ಅರ್ಥವಲ್ಲ. ಹಿಂದಿನ ವರ್ಷಗಳಲ್ಲಿ ಸರಿಯಾದ ಅನುಮತಿಯ ಮೇಲೆ ಸೇರಿದವರು ಸಾಮಾನ್ಯವಾಗಿ ಅಲ್ಲೇ ಓದು ಮುಂದುವರಿಸುತ್ತಾರೆ. ಪತ್ರಿಕೆಯ ತಲೆಬರಹ ನೋಡಿ ಗಾಬರಿಯಾಗುವ ಮುನ್ನ, ಆದೇಶ ಯಾವ ಸಾಲಿನ ತಂಡಕ್ಕೆ ಅನ್ವಯಿಸುತ್ತದೆ ಎಂದು ಓದಿ.

ನಿಜವಾಗಿ ಎಡವುವುದು ಮುಂದಿನ ಹೆಜ್ಜೆಯಲ್ಲಿ. 'ಟ್ರಾನ್ಸ್‌ಫರ್ ತಗೊಂಡರಾಯಿತು' ಅನ್ನುತ್ತಾರೆ. ವಿದ್ಯಾರ್ಥಿ ತನ್ನಿಚ್ಛೆಯಿಂದ ಕಾಲೇಜು ಬದಲಿಸುವುದು ವಲಸೆ. 2023ರ ಪದವಿ ವೈದ್ಯಕೀಯ ಶಿಕ್ಷಣ ನಿಯಮಾವಳಿ ಅದನ್ನು ನಿಷೇಧಿಸಿತು. ಕಾಲೇಜೇ ಕೈಬಿಟ್ಟಾಗ ಆಗುವುದು ಮರುಹಂಚಿಕೆ. ಅದರ ಬೇರು ಬೇರೆಡೆ ಇದೆ, ಆ ಬೇರನ್ನು ತೋರಿಸುವುದೆಂದರೆ ನನಗೆ ಇನ್ನಿಲ್ಲದ ಉತ್ಸಾಹ.

ಕಾಲೇಜು ತೆರೆಯಬೇಕೆಂದವರು ಮೊದಲು ರಾಜ್ಯ ಸರ್ಕಾರದಿಂದ ಅಗತ್ಯತಾ ಪ್ರಮಾಣಪತ್ರ ತರಬೇಕು. ಇಂಥ ಊರಿಗೆ ಕಾಲೇಜು ಬೇಕು, ಆಸ್ಪತ್ರೆಯಲ್ಲಿ ಇಷ್ಟು ಹಾಸಿಗೆಗಳಿವೆ ಎಂದು ಹೇಳುವ ಕಾಗದವೆಂದೇ ಎಲ್ಲರೂ ತಿಳಿದಿದ್ದಾರೆ. ಆದರೆ ಆಯೋಗಕ್ಕೂ ಮುನ್ನ ಇದ್ದ ಭಾರತೀಯ ವೈದ್ಯಕೀಯ ಪರಿಷತ್ತಿನ 1999ರ ನಿಯಮಗಳು ಕೊಟ್ಟ ನಮೂನೆಯ ಕೊನೆಯಲ್ಲಿ ಒಂದು ವಾಕ್ಯವಿತ್ತು: ಸಂಸ್ಥೆ ಅಗತ್ಯ ಸೌಕರ್ಯ ಕಟ್ಟಿಕೊಳ್ಳಲಾಗದೆ ಕೇಂದ್ರ ಸರ್ಕಾರ ಹೊಸ ಪ್ರವೇಶ ನಿಲ್ಲಿಸಿದರೆ, ಅನುಮತಿಯ ಮೇಲೆ ಅದಾಗಲೇ ಸೇರಿದ ವಿದ್ಯಾರ್ಥಿಗಳ ಹೊಣೆಯನ್ನು ರಾಜ್ಯ ಸರ್ಕಾರ ವಹಿಸಿಕೊಳ್ಳುತ್ತದೆ. ಕಟ್ಟಡದ ಅಡಿಪಾಯಕ್ಕೂ ಮೊದಲೇ, ಮುಂದೆ ಬರಲಿರುವ ಮಕ್ಕಳಿಗಾಗಿ ಸರ್ಕಾರ ಬರೆದುಕೊಟ್ಟ ಜಾಮೀನು ಅದು! ಹಾಗಾಗಿ ಮರುಹಂಚಿಕೆ ಕೇಳುವವರು ದಯೆ ಬೇಡುತ್ತಿಲ್ಲ, ಕೊಟ್ಟ ಮಾತನ್ನು ನೆನಪಿಸುತ್ತಿದ್ದಾರೆ.

ರಾಜ್ಯ ಈ ಪತ್ರವನ್ನು ವಾಪಸು ಪಡೆಯಬಹುದೇ? ಪಠಾಣ್‌ಕೋಟ್‌ನ ಚಿಂತ್‌ಪೂರ್ಣಿ ಕಾಲೇಜಿನ ಮೊಕದ್ದಮೆಯಲ್ಲಿ ಸುಪ್ರೀಂ ಕೋರ್ಟು 2018ರಲ್ಲಿ, ಬರೀ ಕೊರತೆಗಳ ಕಾರಣಕ್ಕೆ ಪಡೆಯುವಂತಿಲ್ಲ ಎಂದಿತು. 2020ರಲ್ಲಿ ಮಧ್ಯಪ್ರದೇಶದ ಜಬಲ್ಪುರದ ಸುಖ್ ಸಾಗರ್ ಕಾಲೇಜಿನ ಪ್ರಕರಣದಲ್ಲಿ, ಅಸಾಧಾರಣ ಸನ್ನಿವೇಶದಲ್ಲಿ ಪಡೆಯಬಹುದು ಎಂದಿತು. ಎರಡನ್ನೂ ಜೊತೆಗಿಟ್ಟು ಓದಬೇಕು. ಮರುಹಂಚಿಕೆ ನಿಜವಾಗಿ ನಡೆದದ್ದೂ ಉಂಟು: ಪಂಜಾಬಿನ ಬನೂರಿನ ಜ್ಞಾನ್ ಸಾಗರ್ ಕಾಲೇಜು 2017ರಲ್ಲಿ ನಿಂತುಹೋದಾಗ ಅಲ್ಲಿನ ವಿದ್ಯಾರ್ಥಿಗಳನ್ನು ರಾಜ್ಯದ ಉಳಿದ ಕಾಲೇಜುಗಳಿಗೆ ಹಂಚಲಾಯಿತು.

ಸೀಟು ಎಲ್ಲಿಂದ ಬರುತ್ತದೆ ಎಂಬುದು ಇನ್ನೊಂದು ಅನುಮಾನ. ಬೇರೊಬ್ಬರ ಸೀಟನ್ನು ಕಿತ್ತು ಕೊಡುವುದಿಲ್ಲ. ಮಂಜೂರಾದ ಸಂಖ್ಯೆಯ ಮೇಲೆ ಹೆಚ್ಚುವರಿ ಸೀಟು ಸೃಷ್ಟಿಸುತ್ತಾರೆ; ಆ ತಂಡ ಓದು ಮುಗಿಸಿದೊಡನೆ ಅವು ಇಲ್ಲವಾಗುತ್ತವೆ. ತೆಲಂಗಾಣದಲ್ಲೂ ಹೀಗೆಯೇ ಆಯಿತು. ಟಿಆರ್‌ಆರ್ ಮತ್ತು ಮಹಾವೀರ್ ಕಾಲೇಜುಗಳ ಎಂಬಿಬಿಎಸ್ ವಿದ್ಯಾರ್ಥಿಗಳನ್ನು ವರಂಗಲ್ಲಿನ ಕಾಳೋಜಿ ನಾರಾಯಣ ರಾವ್ ಆರೋಗ್ಯ ವಿಜ್ಞಾನ ವಿಶ್ವವಿದ್ಯಾಲಯ ಬೇರೆ ಖಾಸಗಿ ಕಾಲೇಜುಗಳಿಗೆ ಹಂಚಿತು. ಆದರೆ ಅದಕ್ಕೆ ತಿಂಗಳುಗಳೇ ಹಿಡಿದವು. ಅಷ್ಟು ದಿನ ಪಾಠವಿಲ್ಲದೆ ಕುಳಿತ ಮಕ್ಕಳಿಗೆ ಆದ ನಷ್ಟವನ್ನು ಯಾವ ಹೆಚ್ಚುವರಿ ಸೀಟೂ ತುಂಬಿಕೊಡದು. ಈ ರಕ್ಷಣೆಯ ದೊಡ್ಡ ಕೊರತೆಯೆಂದರೆ ಕಾಲಮಿತಿ ಇಲ್ಲದಿರುವುದೇ, ಇದು ನನ್ನ ಖಚಿತ ಅಭಿಪ್ರಾಯ.

ರಕ್ಷಣೆಗೆ ಎಲ್ಲೆಯೂ ಇದೆ. ಅನುಮತಿ ಚಾಲ್ತಿಯಲ್ಲಿರುವಾಗ, ನೀಟ್ ಅರ್ಹತೆ ಮತ್ತು ಕೌನ್ಸೆಲಿಂಗ್ ಮೂಲಕ ಸೇರಿದವರ ನೆಲೆ ಗಟ್ಟಿ. ಅನುಮತಿಯೇ ತಕರಾರಿನಲ್ಲಿದ್ದಾಗ ಸೇರಿದವರ ಪಾಡು ಕಷ್ಟ. ಕಡಪದ ಫಾತಿಮಾ ಕಾಲೇಜಿನ 2015-16ರ ತಂಡ 2017ರಲ್ಲಿ ಬೀದಿಗಿಳಿದು ಹೋರಾಡಬೇಕಾಯಿತು. ಆದ್ದರಿಂದ ಸೇರುವ ಮುನ್ನ ಆ ವರ್ಷದ ಅನುಮತಿ ಪತ್ರವನ್ನು ಆಯೋಗದ ಪಟ್ಟಿಯಲ್ಲೇ ನೋಡಿ. ಅಗತ್ಯತಾ ಪ್ರಮಾಣಪತ್ರದ ಪ್ರತಿಯನ್ನು ಮಾಹಿತಿ ಹಕ್ಕಿನಡಿ ಕೇಳಿ, ನಿಮ್ಮ ಕಾಲೇಜಿನ ಪತ್ರದಲ್ಲಿ ಆ ವಾಕ್ಯ ಹೇಗಿದೆಯೆಂದು ಓದಿ. ಸೀಟು ಹಂಚಿಕೆ ಪತ್ರ, ಶುಲ್ಕದ ರಸೀದಿ, ಹಾಜರಾತಿ, ಆಂತರಿಕ ಅಂಕಗಳ ನಕಲು ಮನೆಯಲ್ಲಿರಲಿ.

ಕಟ್ಟಿದ ಶುಲ್ಕ ಹೊಸ ಕಾಲೇಜಿಗೆ ಸಾಗಬೇಕೇ, ವಿದ್ಯಾರ್ಥಿವೇತನ ಏನಾಗಬೇಕು, ಕಳೆದುಹೋದ ಪಾಠವನ್ನು ಯಾರು ತುಂಬಬೇಕು ಎಂಬುದನ್ನೆಲ್ಲ ಒಂದೆಡೆ ಹೇಳುವ ಪುಸ್ತಕ ಕನ್ನಡಕ್ಕೆ ತುರ್ತಾಗಿ ಬೇಕು. ಕಲಬುರಗಿಯಲ್ಲೋ ಧಾರವಾಡದಲ್ಲೋ ಇಲ್ಲೇ ಉಸ್ಮಾನಿಯಾದಲ್ಲೋ ಕಾನೂನು ಓದುತ್ತಿರುವವರು ಯಾರಾದರೂ ಪಂಜಾಬ್, ಮಧ್ಯಪ್ರದೇಶ, ತೆಲಂಗಾಣಗಳ ಮರುಹಂಚಿಕೆ ಆದೇಶಗಳನ್ನು ಕಲೆಹಾಕಿ, ಆದೇಶಕ್ಕೂ ಮೊದಲ ತರಗತಿಗೂ ನಡುವೆ ಎಷ್ಟು ದಿನ ಹಿಡಿಯಿತೆಂದು ಲೆಕ್ಕಹಾಕಲಿ. ಕಾಲಮಿತಿ ಕೇಳಿ ನ್ಯಾಯಾಲಯಕ್ಕೆ ಹೋಗುವವರಿಗೆ ಆ ಲೆಕ್ಕವೇ ಮೊದಲು ಬೇಕಾಗುತ್ತದೆ.