ಅಚ್ಚಿನಿಂದೇಳುವ ಆನೆ, ಗಿಳಿ, ತುಳಸಿಕಟ್ಟೆ

ಸಂಕ್ರಾಂತಿ ಹತ್ತಿರವಾದಂತೆ ಶಿವಮೊಗ್ಗದ ಗಾಂಧಿ ಬಜಾರಿನಲ್ಲಿ ಸಕ್ಕರೆ ಅಚ್ಚಿನ ಪೊಟ್ಟಣಗಳು ಕಾಣಿಸಿಕೊಳ್ಳುತ್ತವೆ. ಎಳ್ಳು ಬೀರುವ ತಟ್ಟೆಗೆ ಅಷ್ಟು ಸಾಕು. ಆದರೆ ಅಚ್ಚು ಹೊಯ್ಯುವುದನ್ನು ನೋಡಬೇಕಿದ್ದರೆ ಮರದ ಅಚ್ಚುಗಳನ್ನು ಇನ್ನೂ ಜೋಪಾನ ಮಾಡಿರುವ ಅಡುಗೆಮನೆಗೇ ಹೋಗಬೇಕು. ಭದ್ರಾವತಿಯ ಪೇಪರ್‌ಟೌನಿನಲ್ಲಿ ಅಂಥದೊಂದು ಮನೆಯಿದೆ.

ಅಲ್ಲಿನ ಅಜ್ಜಿಯ ಬಳಿ ಇರುವುದು ತೇಗದ ಅಚ್ಚುಗಳು: ಆನೆ, ಕುದುರೆ, ಗಿಳಿ, ಮೀನು, ಗೋಪುರ, ತುಳಸಿಕಟ್ಟೆ. ತುಳಸಿಕಟ್ಟೆಯದು ನಾಲ್ಕು ಹೋಳು. ಕೆತ್ತನೆಯೆಲ್ಲ ಒಳಮೈಯಲ್ಲಿ, ಉಬ್ಬಬೇಕಾದಲ್ಲಿ ತಗ್ಗು. ಅಂಚಿಗೆ ಅಂಚು ಕೂಡಿಸಿ ದಾರ ಬಿಗಿಯುವಾಗ ಅಜ್ಜಿ ಕಣ್ಣಿಗಿಂತ ಬೆರಳನ್ನೇ ನಂಬುತ್ತಾರೆ. ಸಂದು ಉಳಿದರೆ ಪಾಕ ಸೋರುತ್ತದೆ. ಅಚ್ಚುಗಳು ಮೊದಲೇ ನೀರಿನಲ್ಲಿ ನೆನೆದಿರಬೇಕು. ಒಣಮರಕ್ಕೆ ಸಕ್ಕರೆ ಕಚ್ಚಿಕೊಂಡರೆ ಗಿಳಿಯ ಕೊಕ್ಕು ಅಚ್ಚಿನಲ್ಲೇ ಉಳಿಯುತ್ತದೆ.

ಸಕ್ಕರೆಗೆ ನೀರು ಹಾಕಿ ಕುದಿಸಿ, ಚೂರು ಹಾಲು ಬಿಟ್ಟು, ಮೇಲೆದ್ದ ಕಸ ತೆಗೆದು ಸೋಸಿದ ಮೇಲೆ ಒಂದೆರಡು ಸೌಟು ಪಾಕವಷ್ಟೇ ಪುಟ್ಟ ಬಾಣಲೆಗೆ ಹೋಗುತ್ತದೆ. “ಈಗ ಯಾರೂ ಮಾತಾಡಿಸ್ಬೇಡಿ, ಹದ ತಪ್ಪತ್ತೆ” ಎನ್ನುತ್ತಾರೆ ಅಜ್ಜಿ. ಸೌಟಿನ ಬೆನ್ನಿನಿಂದ ಬಾಣಲೆಯ ಬದಿಗೆ ಉಜ್ಜಿದಂತೆ ಸಕ್ಕರೆ ಸಣ್ಣಗೆ ಹರಳುಗಟ್ಟಿ, ತಿಳಿಪಾಕ ಹಾಲಿನ ಬಣ್ಣಕ್ಕೆ ತಿರುಗುತ್ತದೆ. ತಡಮಾಡದೆ ಹೊಯ್ಯಬೇಕು. ಆರಿದ ಮೇಲೆ ದಾರ ಬಿಚ್ಚಿದರೆ ತುಳಸಿಕಟ್ಟೆ ಎದ್ದು ನಿಲ್ಲುತ್ತದೆ.

ಹಬ್ಬಕ್ಕೆ ಮನೆಯಲ್ಲೇ ಬೊಂಬೆ ಮಾಡುವ ಆಸೆ ಎಲ್ಲ ಕಡೆಯದು. ಉತ್ತರ ಕರ್ನಾಟಕದ ಗೌರಿ ಹುಣ್ಣಿಮೆಗೆ ಸಕ್ಕರೆ ಆರತಿ ಬೇಕು. ಮೆಕ್ಸಿಕೊದವರು ಅಗಲಿದವರ ಹಬ್ಬಕ್ಕೆ ಸಕ್ಕರೆಯ ತಲೆಬುರುಡೆ ಮಾಡುತ್ತಾರೆ. ಯುರೋಪಿನ ಮನೆಗಳಲ್ಲಿ ಮೈದಾಕ್ಕೆ ಉಪ್ಪು ಕಲಸಿ ಬೊಂಬೆ ಮಾಡಿ, ಒಣಗಿಸಿ, ಕ್ರಿಸ್‌ಮಸ್ ಮರಕ್ಕೆ ತೂಗುಹಾಕುವುದುಂಟು.

ಭದ್ರಾವತಿಗೆ ಸಕ್ಕರೆಯ ನಂಟು ಇನ್ನೂ ಹತ್ತಿರದ್ದು. 1930ರ ದಶಕದಲ್ಲಿ ಹುಟ್ಟಿದ ಮೈಸೂರು ಕಾಗದ ಕಾರ್ಖಾನೆ ಮುಂದೆ ಸಕ್ಕರೆಯನ್ನೂ ತಯಾರಿಸಿತು. ಕಬ್ಬಿನ ಸಿಪ್ಪೆ ಕಾಗದಕ್ಕೆ ಬಳಕೆಯಾಗುತ್ತಿತ್ತು. ಕಾರ್ಖಾನೆ ನಿಂತು ವರ್ಷಗಳಾದವು. ಕ್ವಾರ್ಟರ್ಸ್ ಬಿಟ್ಟು ಹೋದವರ ಜೊತೆ ಎಳ್ಳು ಬೀರಲು ಬರುತ್ತಿದ್ದ ಮಕ್ಕಳೂ ಹೋದರು. ಅಜ್ಜಿ ಈಗ ಮೊದಲಿನಷ್ಟು ಅಚ್ಚು ಹೊಯ್ಯುವುದಿಲ್ಲ.

ಪಾಕದ ಹದ ಓದಿ ಬರುವಂಥದ್ದಲ್ಲ, ಒಲೆಯ ಪಕ್ಕ ನಿಂತೇ ಕಲಿಯಬೇಕು. ಅಟ್ಟದಲ್ಲಿ ಅಚ್ಚು ಇರುವವರು ಧನುರ್ಮಾಸದಲ್ಲೇ ಕೆಳಗಿಳಿಸಲಿ, ನೆರೆಮನೆಯ ಹುಡುಗಿಯರನ್ನೂ ಹುಡುಗರನ್ನೂ ಕರೆಯಲಿ. ಹೇಳಿಕೊಡುವವರು ಇನ್ನೂ ಇದ್ದಾರೆ. ಇನ್ನೆಷ್ಟು ಸಂಕ್ರಾಂತಿಗೆ ಸಿಗುತ್ತಾರೋ.