ಗರಿಯ ಬೆಲೆ, ಗಡಿಯ ಸುಂಕ

ಗರಿಯ ಶಟಲ್ ಡಬ್ಬಿಯ ಬೆಲೆ ಏರಿದಾಗಲೆಲ್ಲ ಬೈಗುಳ ಬೀಳುವುದು ಮೂರು ಕಡೆಗೆ: ಸರ್ಕಾರದ ಸುಂಕ, ಅಂಗಡಿಯವರ ಆಸೆ, ಚೀನಾದ ಸಂಚು. ಬೆಂಗಳೂರಿನ ಬಾಡಿಗೆ ಕೋರ್ಟ್‌ಗಳಲ್ಲಿ ಬೆಳಗಿನ ಆಟ ಮುಗಿಸಿ ಬೆವರು ಒರೆಸಿಕೊಳ್ಳುವವರಿಂದ ಹಿಡಿದು, ಮಕ್ಕಳನ್ನು ತರಬೇತಿಗೆ ಬಿಟ್ಟು ಹೊರಗೆ ಕಾಯುವ ತಂದೆತಾಯಂದಿರವರೆಗೆ ಎಲ್ಲರೂ ಇದನ್ನೇ ಹೇಳುತ್ತಾರೆ. ಈ ಮಾತು ಬರೀ ಹರಟೆಯಾಗಿದ್ದರೆ ತೊಂದರೆಯಿರಲಿಲ್ಲ. ಗಂಭೀರವಾಗಿ ಆಡುವ ಒಂದು ಮಗುವಿಗೆ ಶಟಲ್ ಎನ್ನುವುದು ಪ್ರತಿದಿನದ ಖರ್ಚು. ರ‍್ಯಾಕೆಟ್ ಒಮ್ಮೆ ಕೊಂಡರೆ ವರ್ಷಗಟ್ಟಲೆ ಬಾಳುತ್ತದೆ, ಶಟಲ್ ಕೆಲವೇ ನಿಮಿಷಗಳಲ್ಲಿ ಗರಿ ಮುರಿದುಕೊಂಡು ಮೂಲೆ ಸೇರುತ್ತದೆ. ಪ್ರಕಾಶ್ ಪಡುಕೋಣೆ ಮಲ್ಲೇಶ್ವರದ ಕೆನರಾ ಯೂನಿಯನ್ ಸಭಾಂಗಣದಲ್ಲಿ ಆಡಿ ಬೆಳೆದು 1980ರಲ್ಲಿ ಆಲ್ ಇಂಗ್ಲೆಂಡ್ ಗೆದ್ದ ಊರಿನಲ್ಲಿ, ಶಟಲ್‌ಗೆ ದುಡ್ಡಿಲ್ಲವೆಂದು ಒಂದು ಮಗು ಆಟ ಬಿಡುವಂತಾಗಬಾರದು. ಬೆಲೆಗೆ ತಪ್ಪು ಕಾರಣ ನಂಬಿ ಕುಳಿತರೆ ಪರಿಹಾರವನ್ನೂ ತಪ್ಪು ಜಾಗದಲ್ಲೇ ಹುಡುಕುತ್ತೇವೆ.

ನಂಬಿಕೆ: ಬೆಲೆ ಏರಿದ್ದು ಆಮದು ಸುಂಕದಿಂದ

ಸುಂಕ ಇದೆ, ಕಡಿಮೆಯೇನೂ ಇಲ್ಲ. 2018ರ ಕೇಂದ್ರ ಬಜೆಟ್‌ನಲ್ಲಿ ಕ್ರೀಡಾ ಸಾಮಗ್ರಿಗಳ ಮೂಲ ಆಮದು ಸುಂಕವನ್ನು ಶೇ 10ರಿಂದ ಶೇ 20ಕ್ಕೆ ಏರಿಸಲಾಯಿತು. ಆ ಸುಂಕದ ಮೇಲೆ ಶೇ 10ರಷ್ಟು ಸಮಾಜ ಕಲ್ಯಾಣ ಮೇಲ್ತೆರಿಗೆ, ಇವೆಲ್ಲ ಸೇರಿದ ಮೊತ್ತದ ಮೇಲೆ ಜಿಎಸ್‌ಟಿ. ವಿಮೆ, ಸಾಗಣೆ ಸೇರಿ ಬಂದರಿಗೆ ಬಂದು ಮುಟ್ಟಿದ ಸರಕಿನ ಬೆಲೆ 1,000 ರೂಪಾಯಿ ಎಂದುಕೊಳ್ಳಿ. ಸುಂಕ 200, ಮೇಲ್ತೆರಿಗೆ 20, ಒಟ್ಟು 1,220. ಇದರ ಮೇಲೆ ಶೇ 5 ಜಿಎಸ್‌ಟಿ 61 ರೂಪಾಯಿ. ಅಲ್ಲಿಗೆ 1,281.

ಆದರೆ ಈ ಸುಂಕ ಏರಿದ್ದು 2018ರಲ್ಲಿ. ಈಚಿನ ವರ್ಷಗಳ ಏರಿಕೆಗೆ ಅದನ್ನು ಹೊಣೆ ಮಾಡುವುದು ಹೇಗೆ? ಸುಂಕ ಬೆಲೆಯ ಮೇಲೆ ಶೇಕಡಾವಾರು ಬೀಳುವುದರಿಂದ, ಮೂಲ ಬೆಲೆ ಏರಿದರೆ ಅದೂ ಜೊತೆಗೆ ಹಿಗ್ಗುತ್ತದೆ, ನಿಜ. ಮೂಲ ಬೆಲೆ ಏರಿದ್ದೇಕೆ ಎಂದು ತಿಳಿಯಬೇಕಾದರೆ ಬಂದರು ಬಿಟ್ಟು ಬಾತುಕೋಳಿಯ ಕೊಟ್ಟಿಗೆಗೆ ಹೋಗಬೇಕು.

ಒಂದು ಶಟಲ್‌ಗೆ 16 ಗರಿ. ತೂಕ 4.74ರಿಂದ 5.50 ಗ್ರಾಂ ಒಳಗಿರಬೇಕು. ಗರಿಯ ಉದ್ದ 62ರಿಂದ 70 ಮಿಲಿಮೀಟರ್, ಒಂದು ಶಟಲ್‌ನ ಅಷ್ಟೂ ಗರಿ ಒಂದೇ ಉದ್ದದವು. ಎಡರೆಕ್ಕೆಯ ಗರಿಗೂ ಬಲರೆಕ್ಕೆಯ ಗರಿಗೂ ಬಾಗು ಬೇರೆ, ಎರಡನ್ನೂ ಬೆರೆಸಿದರೆ ಶಟಲ್ ಸರಿಯಾಗಿ ತಿರುಗದು. ಹಾಗಾಗಿ ಒಂದೇ ಕಡೆಯ, ಹೆಚ್ಚಾಗಿ ಎಡರೆಕ್ಕೆಯ ಗರಿಗಳನ್ನು ಆರಿಸುತ್ತಾರೆ. ಒಂದು ರೆಕ್ಕೆಯಲ್ಲಿ ಉತ್ತಮ ದರ್ಜೆಗೆ ಒದಗುವ ಗರಿ ಸುಮಾರು ಆರೇಳು ಮಾತ್ರ. ಹನ್ನೆರಡು ಶಟಲ್‌ಗಳ ಒಂದು ಡಬ್ಬಿಗೆ 192 ಗರಿ ಬೇಕು, ಎಂದರೆ ಎರಡು ಡಜನ್‌ಗೂ ಹೆಚ್ಚು ಹಕ್ಕಿಗಳು. ಮೇಲ್ದರ್ಜೆಗೆ ಹೆಬ್ಬಾತಿನ ಗರಿ, ಅಭ್ಯಾಸದ ಶಟಲ್‌ಗೆ ಬಾತುಕೋಳಿಯದು.

ಮುಖ್ಯ ಸಂಗತಿ ಎಂದರೆ, ಈ ಹಕ್ಕಿಗಳನ್ನು ಯಾರೂ ಗರಿಗಾಗಿ ಸಾಕುವುದಿಲ್ಲ. ಸಾಕುವುದು ಮಾಂಸಕ್ಕೆ, ಗರಿ ಅದರ ಜೊತೆಗೆ ಸಿಗುವ ವಸ್ತು. ಶಟಲ್‌ಗೆ ಬೇಡಿಕೆ ಹೆಚ್ಚಿತೆಂದು ರೈತ ಹೆಚ್ಚು ಬಾತು ಸಾಕುವುದಿಲ್ಲ, ಜನ ಹೆಚ್ಚು ಬಾತು ತಿಂದರೆ ಮಾತ್ರ ಸಾಕುತ್ತಾನೆ. ಚೀನಾದಲ್ಲಿ 2018ರಲ್ಲಿ ಹಂದಿಜ್ವರ ಹರಡಿ ಹಂದಿಮಾಂಸ ದುಬಾರಿಯಾದಾಗ ಜನ ಬಾತು, ಕೋಳಿಗಳ ಕಡೆ ತಿರುಗಿದರು. ಮುಂದೆ ಹಂದಿ ಸಾಕಣೆ ಚೇತರಿಸಿಕೊಂಡು ಮಾಂಸ ಅಗ್ಗವಾಯಿತು. ಬಾತು, ಹೆಬ್ಬಾತುಗಳಿಗೆ ಬೇಡಿಕೆ ಇಳಿಯಿತು, ಸಾಕಣೆ ತಗ್ಗಿತು, ಗರಿ ವಿರಳವಾಯಿತು. ಅದೇ ಹೊತ್ತಿಗೆ ಅಲ್ಲಿ ಬ್ಯಾಡ್ಮಿಂಟನ್ ಆಡುವವರು ಹೆಚ್ಚಿದರು. 2025ರ ಹೊತ್ತಿಗೆ ಶಟಲ್ ಕೊರತೆ ಯುರೋಪಿನ ಕ್ಲಬ್‌ಗಳವರೆಗೂ ತಟ್ಟಿತ್ತು. ಭಾರತದ ಸುಂಕಕ್ಕೂ ಯುರೋಪಿನ ಕ್ಲಬ್‌ಗೂ ಸಂಬಂಧವಿಲ್ಲವಲ್ಲ? ಅದಕ್ಕೇ ಹೇಳುವುದು, ಮೂಲ ಬೇರೆ ಕಡೆ ಇದೆ. ಇದು ಸಂಚೂ ಅಲ್ಲ. ಚೀನಾದ ಆಟಗಾರರೇ ಇದೇ ಏರಿಕೆ ಹೊತ್ತಿದ್ದಾರೆ.

ನಂಬಿಕೆ: ಜಿಎಸ್‌ಟಿ ಶೇ 12ರಿಂದ 5ಕ್ಕೆ ಇಳಿದರೆ ಬೆಲೆ ಶೇ 7 ಇಳಿಯಬೇಕು

2025ರ ಸೆಪ್ಟೆಂಬರ್ 22ರಿಂದ ಕ್ರೀಡಾ ಸಾಮಗ್ರಿಗಳ ಜಿಎಸ್‌ಟಿ ಇಳಿದಿದೆ. ಇಳಿಕೆ ಮೂಲ ಬೆಲೆಯ ಪ್ರತಿ ನೂರು ರೂಪಾಯಿಗೆ ಏಳು ರೂಪಾಯಿ ನಿಜ, ಆದರೆ ನಾವು ಕೊಡುತ್ತಿದ್ದದ್ದು ಮೂಲ ಬೆಲೆಯನ್ನಲ್ಲ, 112 ರೂಪಾಯಿಯನ್ನು. ಈಗ ಕೊಡಬೇಕಾದದ್ದು 105. ಹಾಗಾಗಿ ಉಳಿತಾಯ ಶೇ 6.25. ತೆರಿಗೆ ಸೇರಿ 5,600 ರೂಪಾಯಿ ಇದ್ದ ರ‍್ಯಾಕೆಟ್ 5,250ಕ್ಕೆ ಸಿಗಬೇಕು, 350 ರೂಪಾಯಿ ಉಳಿಯಬೇಕು.

ಇಲ್ಲಿ ಇನ್ನೊಂದು ಮಾತು ಕೇಳಿಬರುತ್ತದೆ: "ಇದು ಹಳೆಯ ಸ್ಟಾಕ್, ನಾವು ಶೇ 12 ಕಟ್ಟಿ ತಂದದ್ದು, ಹಳೆಯ ಬೆಲೆಯೇ." ಇದನ್ನು ಒಪ್ಪಬೇಕಿಲ್ಲ. ತೆರಿಗೆ ದರ ನಿಗದಿಯಾಗುವುದು ಮಾರಾಟದ ದಿನದ ಮೇಲೆ. ಸಾಮಾನ್ಯ ನೋಂದಣಿ ಇರುವ ವ್ಯಾಪಾರಿ ಖರೀದಿಯಲ್ಲಿ ಕಟ್ಟಿದ ಶೇ 12ನ್ನು ತನ್ನ ತೆರಿಗೆ ಲೆಕ್ಕದಲ್ಲಿ ಜಮಾ ಮಾಡಿಕೊಂಡಿರುತ್ತಾನೆ, ಅದು ಕೈಬಿಟ್ಟು ಹೋಗುವುದಿಲ್ಲ. ಹಳೆಯ ಸರಕಿನ ಮೇಲೆ ಹೊಸ ಎಂಆರ್‌ಪಿ ಚೀಟಿ ಅಂಟಿಸಲು ಸರ್ಕಾರ ಅವಕಾಶವನ್ನೂ ಕೊಟ್ಟಿತ್ತು. ಬಿಲ್ ಕೇಳಿ, ಅದರಲ್ಲಿ ದರ ಎಷ್ಟಿದೆ ನೋಡಿ. ರಾಜಿ ತೆರಿಗೆ ಪದ್ಧತಿಯಲ್ಲಿರುವ ಚಿಕ್ಕ ಅಂಗಡಿಗಳಿಗೆ ಈ ಜಮಾ ಸೌಲಭ್ಯ ಇಲ್ಲ. ಅವರ ಕಷ್ಟ ಬೇರೆ, ಅವರೊಡನೆ ಜಗಳ ಬೇಡ.

ನಂಬಿಕೆ: ಜಪಾನಿನ ಹೆಸರಿದ್ದರೆ ಜಪಾನಿನಿಂದಲೇ ಬಂದದ್ದು

ಯೋನೆಕ್ಸ್ ಜಪಾನಿನ ನಿಗಾಟದಲ್ಲಿ 1946ರಲ್ಲಿ ಮಿನೋರು ಯೋನೆಯಾಮ ಕಟ್ಟಿದ ಕಂಪನಿ. ಮೊದಲು ಮಾಡುತ್ತಿದ್ದದ್ದು ಮೀನುಬಲೆಗೆ ಕಟ್ಟುವ ಮರದ ತೇಲುಬುಂಡೆ. ಪ್ಲಾಸ್ಟಿಕ್ ಬಂದು ಆ ವ್ಯಾಪಾರ ಕೆಟ್ಟ ಮೇಲೆ, 1957ರಲ್ಲಿ, ರ‍್ಯಾಕೆಟ್‌ಗೆ ಕೈಹಾಕಿದರು. ಇವತ್ತು ಅದರ ದುಬಾರಿ ಮಾದರಿಗಳು ನಿಗಾಟದಲ್ಲಿ ತಯಾರಾದರೆ, ಉಳಿದವು ತೈವಾನ್, ಚೀನಾಗಳಲ್ಲಿ ತಯಾರಾಗುತ್ತವೆ. 2016ರಿಂದ ನಮ್ಮ ಬೆಂಗಳೂರಿನಲ್ಲೂ ಅದರ ಕಾರ್ಖಾನೆ ಇದೆ. ವಿಕ್ಟರ್ 1968ರಲ್ಲಿ ತೈವಾನಿನಲ್ಲಿ ಶಟಲ್ ಮಾಡಲು ಹುಟ್ಟಿದ ಕಂಪನಿ, ಚೀನಾದಲ್ಲೂ ಕಾರ್ಖಾನೆ ನಡೆಸುತ್ತದೆ. ಅಮೆರಿಕದ್ದೆಂದೇ ಹೆಸರಾದ ವಿಲ್ಸನ್‌ನ ಒಡೆತನ ಫಿನ್ಲೆಂಡ್ ಮೂಲದ ಅಮೆರ್ ಸ್ಪೋರ್ಟ್ಸ್ ಕೈಯಲ್ಲಿದೆ, ಆ ಸಂಸ್ಥೆಯನ್ನು 2019ರಲ್ಲಿ ಚೀನಾದ ಆಂಟಾ ನೇತೃತ್ವದ ಗುಂಪು ಕೊಂಡಿತು. 1902ರಿಂದ ವಿಂಬಲ್ಡನ್‌ಗೆ ಚೆಂಡು ಒದಗಿಸುತ್ತಿರುವ ಸ್ಲಾಜೆಂಜರ್ ಇಂಗ್ಲೆಂಡಿನದು, ಚೆಂಡು ತಯಾರಾಗುವುದು ಫಿಲಿಪ್ಪೀನ್ಸ್‌ನಲ್ಲಿ.

ಸುಂಕ ನೋಡುವುದು ಸರಕು ತಯಾರಾದ ದೇಶವನ್ನೇ ಹೊರತು ಬ್ರ್ಯಾಂಡಿನ ತವರನ್ನಲ್ಲ. ಜಪಾನ್ ಜೊತೆ ಭಾರತಕ್ಕೆ 2011ರಿಂದ ವ್ಯಾಪಾರ ಒಪ್ಪಂದವಿದೆ, ಚೀನಾ ಜೊತೆ ಮುಕ್ತ ವ್ಯಾಪಾರ ಒಪ್ಪಂದವಿಲ್ಲ. ಚೀನಾದಲ್ಲಿ ತಯಾರಾದ ಜಪಾನಿ ಬ್ರ್ಯಾಂಡಿನ ಶಟಲ್‌ಗೆ ಜಪಾನ್ ಒಪ್ಪಂದದ ರಿಯಾಯಿತಿ ಸಿಗುವುದಿಲ್ಲ.

ರ‍್ಯಾಕೆಟ್‌ನ ಹಿಡಿಯ ಮೇಲ್ತುದಿಯ ಕೋನ್ ಮೇಲಿರುವ 'ಜೆಪಿ', 'ಎಸ್‌ಪಿ' ಮುಂತಾದ ಅಕ್ಷರಗಳಿಗೆ ಹೆಚ್ಚು ಹಣ ಕೊಡುವವರಿದ್ದಾರೆ. ಅವು ಆ ರ‍್ಯಾಕೆಟ್ ಯಾವ ಮಾರುಕಟ್ಟೆಗೆಂದು ಹೊರಟಿತ್ತು ಎಂಬುದರ ಗುರುತು. ತಯಾರಾದ ದೇಶವನ್ನು ಬೇರೆಯೇ ಮುದ್ರಿಸಿರುತ್ತಾರೆ. 'ಜೆಪಿ' ಎಂದಿದ್ದ ಮಾತ್ರಕ್ಕೆ ಹೊಡೆತ ಚುರುಕಾಗದು.

ನಂಬಿಕೆ: ಆಮದು ಬೆಲೆ ಕೆಲವೇ ನೂರು, ಅಂಗಡಿಯಲ್ಲಿ ಸಾವಿರಾರು, ಇದು ಶುದ್ಧ ಲೂಟಿ

ಈ ಆರೋಪಕ್ಕೆ ಆಧಾರವಾಗಿ ತೋರಿಸುವುದು ವ್ಯಾಪಾರ ಅಂಕಿಅಂಶಗಳ ಸರಾಸರಿಯನ್ನು. ಒಟ್ಟು ಮೌಲ್ಯವನ್ನು ಒಟ್ಟು ಸಂಖ್ಯೆಯಿಂದ ಭಾಗಿಸಿ, ಒಂದು ರ‍್ಯಾಕೆಟ್ ಇಷ್ಟಕ್ಕೆ ಬಂದಿದೆ ಎನ್ನುತ್ತಾರೆ. ಅತಿ ಹೆಚ್ಚು ಜನ ಎಡವುವುದು ಇಲ್ಲೇ, ಹಾಗಾಗಿ ಸ್ವಲ್ಪ ನಿಧಾನವಾಗಿ ನೋಡೋಣ.

ಜಗತ್ತಿನ ಕಸ್ಟಮ್ಸ್ ಪಟ್ಟಿಗಳಲ್ಲಿ ಕ್ರೀಡಾ ಸಾಮಗ್ರಿಯ ಶೀರ್ಷಿಕೆ 9506. ಅದರಲ್ಲಿ ಟೆನಿಸ್ ರ‍್ಯಾಕೆಟ್‌ಗೆ 9506 51 ಎಂಬ ಪ್ರತ್ಯೇಕ ಸಂಖ್ಯೆ. ಬ್ಯಾಡ್ಮಿಂಟನ್‌ಗೆ 9506 59, ಆದರೆ ಅಲ್ಲಿ ಬರೆದಿರುವುದು 'ಇತರ ರ‍್ಯಾಕೆಟ್' ಎಂದು. ಸ್ಕ್ವಾಷ್ ರ‍್ಯಾಕೆಟ್ ಕೂಡ ಅದೇ ಬುಟ್ಟಿಗೆ. ಮಕ್ಕಳು ಬೀದಿಯಲ್ಲಿ ಆಡುವ ಉಕ್ಕಿನ ಜೋಡಿ ರ‍್ಯಾಕೆಟ್ಟೂ ಅಲ್ಲೇ, ಕಾರ್ಬನ್ ನಾರಿನ ಪಂದ್ಯದ ರ‍್ಯಾಕೆಟ್ಟೂ ಅಲ್ಲೇ.

ಲೆಕ್ಕಕ್ಕೆಂದು ಹೀಗೆ ಊಹಿಸಿಕೊಳ್ಳಿ. ಒಂದು ವರ್ಷ 150 ರೂಪಾಯಿಯ 900 ರ‍್ಯಾಕೆಟ್, 4,000 ರೂಪಾಯಿಯ 100 ರ‍್ಯಾಕೆಟ್ ಬಂದವು. ಸರಾಸರಿ 535 ರೂಪಾಯಿ. ಮರುವರ್ಷ ಅಗ್ಗದವು 700, ದುಬಾರಿಯವು 300. ಸರಾಸರಿ 1,305 ರೂಪಾಯಿ. ಒಂದೇ ಒಂದು ರ‍್ಯಾಕೆಟ್‌ನ ಬೆಲೆಯೂ ಬದಲಾಗಿಲ್ಲ, ಸರಾಸರಿ ಮಾತ್ರ ಎರಡೂವರೆ ಪಟ್ಟು ಹತ್ತಿರ ಏರಿದೆ. ಬದಲಾದದ್ದು ಕೊಳ್ಳುವವರ ಆಯ್ಕೆ. 'ಆಮದು ಬೆಲೆ ಗಗನಕ್ಕೆ' ಎಂಬ ತಲೆಬರಹ ಕಂಡಾಗ ಮೊದಲು ಕೇಳಬೇಕಾದ ಪ್ರಶ್ನೆ: ಬೆಲೆ ಏರಿತೋ, ಬುಟ್ಟಿಯ ಸರಕು ಬದಲಾಯಿತೋ?

ದೇಶದಿಂದ ದೇಶಕ್ಕೆ ಲೆಕ್ಕ ಹೊಂದುವುದೂ ಇಲ್ಲ. ಚೀನಾ ಬರೆದ ರಫ್ತಿನ ಮೊತ್ತ, ಭಾರತ ಬರೆದ ಆಮದಿನ ಮೊತ್ತ ಬೇರೆಯಾಗಿದ್ದರೆ ಅದನ್ನೇ ಮೋಸವೆಂದು ಕರೆಯಬೇಡಿ. ರಫ್ತಿನ ಲೆಕ್ಕ ಹಡಗು ಹತ್ತುವವರೆಗಿನ ಬೆಲೆ, ಆಮದಿನ ಲೆಕ್ಕದಲ್ಲಿ ಸಾಗಣೆ, ವಿಮೆ ಸೇರುತ್ತದೆ. ನಡುವೆ ಹಾಂಗ್‌ಕಾಂಗ್, ಸಿಂಗಪುರದಲ್ಲಿ ಸರಕು ಇಳಿದು ಹತ್ತಿದರೆ ದೇಶದ ಹೆಸರೂ ಬದಲಾಗಬಹುದು.

ಬಂದರಿನಿಂದ ಅಂಗಡಿಯವರೆಗಿನ ಖರ್ಚು ಆ ಸರಾಸರಿಯಲ್ಲಿ ಇಲ್ಲವೇ ಇಲ್ಲ. ಶಟಲ್ ಹಗುರ, ಆದರೆ ಜಾಗ ತಿನ್ನುತ್ತದೆ. ಸಾಗಣೆಯವರು ಬಾಡಿಗೆ ಹಾಕುವುದು ತೂಕ ನೋಡಿಯಲ್ಲ, ಗಾತ್ರ ನೋಡಿ. ಗರಿ ಒಣಗಿದರೆ ಬೇಗ ಮುರಿಯುವುದರಿಂದ ದಾಸ್ತಾನಿನಲ್ಲೂ ಎಚ್ಚರ ಬೇಕು. ಆಮದುದಾರ, ಸಗಟು ವ್ಯಾಪಾರಿ, ಚಿಲ್ಲರೆ ಅಂಗಡಿ, ಪ್ರಚಾರ, ಆಟಗಾರರ ಪ್ರಾಯೋಜಕತ್ವ ಇಷ್ಟೂ ಎಂಆರ್‌ಪಿಯೊಳಗಿವೆ. ಲಾಭ ಇಲ್ಲವೆಂದಲ್ಲ. ಆದರೆ ಲೂಟಿಯೆಂದು ಸಾಧಿಸಲು ಅದೇ ಮಾದರಿಯ, ಅದೇ ವರ್ಷದ ಬಿಲ್ ಬೇಕು, ಇಡೀ ಬುಟ್ಟಿಯ ಸರಾಸರಿ ಸಾಲದು.

ನಂಬಿಕೆ: ಸುಂಕ ಏರಿಸಿದರೆ ದೇಶಿ ಉದ್ಯಮ ತಾನಾಗಿ ಬೆಳೆಯುತ್ತದೆ

ಪಶ್ಚಿಮ ಬಂಗಾಳದ ಹೌರಾ ಜಿಲ್ಲೆಯ ಉಲುಬೇರಿಯಾದಲ್ಲಿ ತಲೆಮಾರುಗಳಿಂದ ಶಟಲ್ ಮಾಡುವ ಕುಟುಂಬಗಳಿವೆ. ಬಾತುಕೋಳಿ ಗರಿ ತೊಳೆದು, ಬಿಸಿಲಿಗೆ ಒಣಗಿಸಿ, ಕತ್ತರಿಸಿ ಆಕಾರ ಕೊಟ್ಟು, ಕಾರ್ಕ್‌ಗೆ ಹದಿನಾರು ತೂತು ಕೊರೆದು ಒಂದೊಂದನ್ನೇ ಸಿಕ್ಕಿಸಿ, ದಾರ ಬಿಗಿದು, ಅಂಟು ಹಚ್ಚುವ ಅಷ್ಟೂ ಕೆಲಸ ಕೈಯಿಂದ. ಆ ಕೈಗಳ ಕಸುಬಿನ ಬಗ್ಗೆ ನನಗೆ ತುಂಬು ಗೌರವವಿದೆ. ಸುಂಕ ಇಮ್ಮಡಿಯಾದರೂ ಆ ಊರಿನ ಬದುಕು ಹಸನಾಗಲಿಲ್ಲ, ಚೀನಾದ ಶಟಲ್‌ನ ಒತ್ತಡ ತಗ್ಗಲಿಲ್ಲ. ಸುಂಕ ಹೊರಗಿನ ಮಾಲನ್ನು ದುಬಾರಿ ಮಾಡಬಲ್ಲದು, ಒಳ್ಳೆಯ ಗರಿಯನ್ನು ಹುಟ್ಟಿಸಲಾರದು. ಚೀನಾದಲ್ಲಿ ಬಾತು, ಹೆಬ್ಬಾತುಗಳ ಸಾಕಣೆ ದೊಡ್ಡ ಪ್ರಮಾಣದ್ದು, ಆನ್ಹುಯಿಯಂಥ ಪ್ರಾಂತ್ಯಗಳಲ್ಲಿ ಗರಿಯನ್ನು ದರ್ಜೆವಾರು ವಿಂಗಡಿಸುವ ಇಡೀ ವ್ಯವಸ್ಥೆಯೇ ಬೆಳೆದಿದೆ. ದೇಶವಿಭಜನೆಯ ನಂತರ ಸಿಯಾಲ್‌ಕೋಟ್‌ನಿಂದ ಬಂದ ಕುಶಲಿಗಳು ಜಲಂಧರ್‌ನಲ್ಲಿ ಕ್ರೀಡಾ ಸಾಮಗ್ರಿ ಉದ್ಯಮವನ್ನೇ ಎಬ್ಬಿಸಿ ನಿಲ್ಲಿಸಿದರು. ಅದರ ಹಿಂದೆ ಇದ್ದದ್ದು ಕಸುಬು, ಕಚ್ಚಾಮಾಲು, ಕೊಳ್ಳುವವರ ನಂಟು. ಉಲುಬೇರಿಯಾಕ್ಕೆ ಬೇಕಿರುವುದೂ ಇವೇ: ವಿಂಗಡಿಸಿದ ಗರಿ, ವೇಗ ಪರೀಕ್ಷೆಯ ಸೌಕರ್ಯ, ನ್ಯಾಯವಾದ ಕೂಲಿ.

ನಂಬಿಕೆ: ದುಬಾರಿ ಡಬ್ಬಿಯೇ ಎಲ್ಲ ಊರಿಗೂ ಉತ್ತಮ

ಡಬ್ಬಿಯ ಮೇಲಿನ 75ರಿಂದ 79ರವರೆಗಿನ ಅಂಕೆ ಗುಣಮಟ್ಟದ್ದಲ್ಲ, ವೇಗದ್ದು. ಸಮುದ್ರಮಟ್ಟದಿಂದ ಸುಮಾರು 900 ಮೀಟರ್ ಎತ್ತರದ ಬೆಂಗಳೂರಿನ ಗಾಳಿ ತೆಳು, ಶಟಲ್ ದೂರ ಹಾರುತ್ತದೆ. ಇಲ್ಲಿಗೆ ನಿಧಾನದ, ಅಂದರೆ ಚಿಕ್ಕ ಅಂಕೆಯದು ಬೇಕು. ಮಂಗಳೂರಿಗೆ ಹೊಂದಿದ್ದೇ ಇಲ್ಲಿಗೆ ಹೊಂದದು. ಎಷ್ಟು ಹಣ ಕೊಟ್ಟರೂ ತಪ್ಪು ಅಂಕೆಯ ಶಟಲ್ ತಪ್ಪೇ.

ಕೃತಕ ಗರಿಯನ್ನು ಕೀಳಾಗಿ ಕಾಣುವುದೂ ಸಲ್ಲದು. 2021ರಿಂದ ಅಂತರರಾಷ್ಟ್ರೀಯ ಪಂದ್ಯಗಳಲ್ಲಿ ಕೃತಕ ಗರಿಯ ಶಟಲ್ ಬಳಸಲು ವಿಶ್ವ ಬ್ಯಾಡ್ಮಿಂಟನ್ ಒಕ್ಕೂಟ 2020ರಲ್ಲೇ ಒಪ್ಪಿಗೆ ಕೊಟ್ಟಿದೆ. ಅದರ ಪರೀಕ್ಷೆಗಳಲ್ಲಿ ಶಟಲ್ ಬಳಕೆ ಶೇ 25ರವರೆಗೆ ತಗ್ಗಬಹುದೆಂದು ಕಂಡುಬಂದಿತ್ತು. ಮೇಲ್ಮಟ್ಟದ ಆಟಗಾರರು ಇನ್ನೂ ನಿಜಗರಿಯನ್ನೇ ಬಯಸುತ್ತಾರೆ. ಆದರೆ ಈಗಷ್ಟೇ ರ‍್ಯಾಕೆಟ್ ಹಿಡಿದ ಮಗುವಿಗೆ ಆ ಸೂಕ್ಷ್ಮ ಬೇಕಿಲ್ಲ.

ತರಬೇತಿ ಕೇಂದ್ರ ನಡೆಸುವವರಲ್ಲಿ ನನ್ನದೊಂದು ಕಳಕಳಿಯ ಮನವಿ. ಗರಿಯ ಬೆಲೆ ನಮ್ಮ ಕೈಯಲ್ಲಿಲ್ಲ, ಖರ್ಚಿನ ರೀತಿ ನಮ್ಮ ಕೈಯಲ್ಲಿದೆ. ಕಲಿಕೆಯ ಮೊದಲ ಹಂತಕ್ಕೆ ನೈಲಾನ್ ಅಥವಾ ಕೃತಕ ಗರಿ ಬಳಸಿ, ಕ್ಲಬ್‌ಗಳು ಒಟ್ಟುಗೂಡಿ ಸಗಟಿನಲ್ಲಿ ಕೊಳ್ಳಿ, ಹೊಸ ಜಿಎಸ್‌ಟಿ ದರದ ಬಿಲ್ ಕೇಳಿ ಪಡೆಯಿರಿ, ಉಳಿದ ಹಣವನ್ನು ಪೋಷಕರ ಮಾಸಿಕ ಶುಲ್ಕದಲ್ಲಿ ಕಡಿಮೆ ಮಾಡಿ.