ಮಾತಾಡದವನ ಮಾತೃಭಾಷೆ

‘ಆರ್. ಕೆ. ಲಕ್ಷ್ಮಣ್ ನಮ್ಮೋರು’ ಅಂತ ಮುಂಬಯಿ ಕನ್ನಡಿಗರಾದ ನಾವು ಎದೆ ತಟ್ಟಿ ಹೇಳುತ್ತೇವೆ. ಹೇಳೋಣ, ತಪ್ಪೇನಿಲ್ಲ. ಮನೆಮಾತು ತಮಿಳಾದರೂ 1921ರಲ್ಲಿ ಮೈಸೂರಿನಲ್ಲಿ ಹುಟ್ಟಿ, ಮಹಾರಾಜಾ ಕಾಲೇಜಿನಲ್ಲಿ ಓದಿ, ರಾ. ಶಿ.ಯವರ ‘ಕೊರವಂಜಿ’ಗೆ ನಗೆಚಿತ್ರ ಬರೆದವರು ಅವರು. ನಮ್ಮ ಊರಿನ ಜೆ. ಜೆ. ಕಲಾಶಾಲೆ ಮಾತ್ರ ‘ಪ್ರತಿಭೆ ಸಾಲದು’ ಎಂದು ಅವರ ಅರ್ಜಿಯನ್ನು ತಿರುಗಿಸಿ ಕಳಿಸಿತ್ತು! ಆದರೂ ಬಂದದ್ದು ಇದೇ ಊರಿಗೆ. ‘ಫ್ರೀ ಪ್ರೆಸ್ ಜರ್ನಲ್’ನಲ್ಲಿ ಬಾಳ ಠಾಕರೆಯವರ ಜೊತೆ ಕೆಲಸ, ಆಮೇಲೆ ‘ಟೈಮ್ಸ್ ಆಫ್ ಇಂಡಿಯಾ’ದಲ್ಲಿ ಸುಮಾರು ಐದು ದಶಕ.

ನನಗೆ ಮುಖ್ಯವಾಗಿ ಕಾಣುವುದು ಬೇರೆ ಸಂಗತಿ. ಭಾರತದ ಜನರನ್ನು ತೋರಿಸಲು ಲಕ್ಷ್ಮಣ್ ಮೊದಮೊದಲು ಬಂಗಾಳಿ, ತಮಿಳ, ಪಂಜಾಬಿ ಅಂತ ಬೇರೆ ಬೇರೆ ಪ್ರಾಂತದವರನ್ನೆಲ್ಲ ಬರೆಯುತ್ತಿದ್ದರು. ಪತ್ರಿಕೆಯ ಕೆಲಸವೆಂದರೆ ಗಡಿಯಾರದ ಜೊತೆ ಓಟ. ಅಷ್ಟು ಜನರನ್ನು ಬರೆಯುವಷ್ಟು ಹೊತ್ತೆಲ್ಲಿ? ಗುಂಪು ಕರಗುತ್ತಾ ಬಂತು. ಕೊನೆಗೆ ಉಳಿದವನು ಒಬ್ಬನೇ: ಚೌಕುಳಿ ಕೋಟು, ಪಂಚೆ, ಕನ್ನಡಕ, ಬೋಳುತಲೆ. 1951ರಲ್ಲಿ ಶುರುವಾದ ‘ಯೂ ಸೆಡ್ ಇಟ್’ ಅಂಕಣದಲ್ಲಿ ಅವನು ಎಲ್ಲ ಕಡೆ ಹಾಜರು. ಆದರೆ ತುಟಿ ಪಿಟಕ್ಕೆನ್ನುವುದಿಲ್ಲ. ಮಾತೇನಿದ್ದರೂ ಹೆಂಡತಿಯದು.

1966ರಲ್ಲಿ ಠಾಕರೆಯವರು ಶಿವಸೇನೆ ಕಟ್ಟಿದರು. ದಕ್ಷಿಣದವರ ವಿರುದ್ಧ ಕೂಗೆದ್ದಿತು. ‘ನೀನು ಯಾವ ಊರಿನವನು?’ ಎಂಬ ಪ್ರಶ್ನೆಗೆ ನಮ್ಮ ಹಿರಿಯರು ಹೆದರಿದ ಆ ಕಾಲದಲ್ಲೂ ಈ ಮೂಗ ದಿನಾ ಬೆಳಿಗ್ಗೆ ಮರಾಠಿಗರ ಮನೆಗೂ ನಮ್ಮ ಮನೆಗೂ ಒಂದೇ ಮುಖ ಹೊತ್ತು ಬರುತ್ತಿದ್ದ. ಬಾಯಿ ಬಿಟ್ಟಿದ್ದರೆ ತಾನೇ ಭಾಷೆ ಗೊತ್ತಾಗುವುದು?

ಲಕ್ಷ್ಮಣ್ 2015ರ ಜನವರಿ 26ರಂದು ಪುಣೆಯಲ್ಲಿ ತೀರಿಕೊಂಡರು. ಅವರು ನಮ್ಮವರು, ನಿಜ. ಅವರ ಮನುಷ್ಯನನ್ನು ಮಾತ್ರ ನಮ್ಮೊಬ್ಬರದೇ ಅನ್ನುವುದು ಬೇಡ.